ಚಂದ್ರಿಯ ಪಾತ್ರಧಾರಿ ಮತ್ತು ತುರ್ತುಪರಿಸ್ಥಿತಿ

ಪ್ರಶ್ನೆ: ‘ಸಂಸ್ಕಾರ’ದ ಚಂದ್ರಿಯಾಗಿ ನಟಿಸಿದ ಸ್ನೇಹಲತಾ ರೆಡ್ಡಿಯವರು ಆಮೇಲೆ ಹೆಚ್ಚು ಚಿತ್ರಗಳಲ್ಲಿ ಕಾಣಿಸಿಕೊಳ್ಳಲಿಲ್ಲವೇಕೆ?
– ಓದುಗರೊಬ್ಬರು, ಬಸವನಗುಡಿ, ಬೆಂಗಳೂರು

ಉತ್ತರ: ಅವರು ಮೂಲತಃ ರಂಗಭೂಮಿಯವರು, ಮದ್ರಾಸ್ ಪ್ಲೇಯರ್ಸ್ ತಂಡದ ಸಂಸ್ಥಾಪಕರಲ್ಲೊಬ್ಬರು. ಪತಿ ಪಟ್ಟಾಭಿರಾಮ ರೆಡ್ಡಿಯವರು ನಿರ್ದೇಶಿಸಿದ ‘ಸಂಸ್ಕಾರ’ (1970) ಮೊದಲು ಸೆನ್ಸಾರ್ ನಿಷೇಧಕ್ಕೆ ಒಳಗಾಗಿ, ಅನಂತರ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿಯನ್ನೇ ಪಡೆಯಿತು. ಆದರೆ ದಂಪತಿಗಳಿಬ್ಬರೂ ಲೋಹಿಯಾವಾದಿಗಳು (ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಅವರ ಅನುಯಾಯಿಗಳು), ತುರ್ತುಪರಿಸ್ಥಿತಿಯನ್ನು ವಿರೋಧಿಸುತ್ತಿದ್ದ ನಾಯಕ ಜಾರ್ಜ್ ಫರ್ನಾಂಡಿಸ್ ಅವರ ಆಪ್ತರು. ಸರ್ಕಾರದ ವಿರುದ್ಧ ಸ್ಫೋಟಗಳ ಸಂಚು ಹೂಡಿದರೆಂದು ಫರ್ನಾಂಡಿಸ್ ಮತ್ತಿತರರ ಮೇಲೆ ಹೂಡಿದ ಬರೋಡಾ ಡೈನಮೈಟ್ ಪ್ರಕರಣದ ನೆಪದಲ್ಲಿ 1976ರ ಮೇ ತಿಂಗಳಲ್ಲಿ ಸ್ನೇಹಲತಾ ಅವರನ್ನು ಬಂಧಿಸಲಾಯಿತು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲವಾದರೂ ವಿಚಾರಣೆಯಿಲ್ಲದೆ ಬಂಧನದಲ್ಲಿಡಲು ಅವಕಾಶವಿದ್ದ ಮೀಸಾ ಕಾಯ್ದೆಯಡಿ ಸುಮಾರು ಎಂಟು ತಿಂಗಳು ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲೇ ಇಡಲಾಯಿತು. (ಇಂದು ನಾವು ಫ್ರೀಡಂ ಪಾರ್ಕ್ ಎಂದು ಕರೆಯುವುದು ಅದೇ ಆವರಣವನ್ನು.) ತೀವ್ರ ಅಸ್ತಮಾದಿಂದ ಬಳಲುತ್ತಿದ್ದ ಅವರಿಗೆ ಸರಿಯಾದ ಚಿಕಿತ್ಸೆ ದೊರೆಯಲಿಲ್ಲ, ರಾತ್ರಿಯ ನಿಶ್ಶಬ್ದದಲ್ಲಿ ಅವರ ಕೋಣೆಯಿಂದ ಚೀರಾಟ ಕೇಳಿಬರುತ್ತಿತ್ತೆಂದು ಅದೇ ಜೈಲಿನಲ್ಲಿದ್ದ ಸಮಾಜವಾದಿ ನಾಯಕ ಮಧು ದಂಡವತೆಯವರು ಬರೆದಿದ್ದಾರೆ. ಅಂಥ ಸ್ಥಿತಿಯಲ್ಲೂ ಅವರು ದಿನಚರಿ ಬರೆದರು. 1977ರ ಜನವರಿ 15ರಂದು ಪೆರೋಲ್ ಸಿಕ್ಕಿತು; ಐದೇ ದಿನಕ್ಕೆ, 20ರಂದು, ತೀರಿಕೊಂಡರು. ಆದ್ದರಿಂದ ಅವಕಾಶಗಳು ಬತ್ತಿದವೆಂಬ ಸಾಮಾನ್ಯ ವಿವರಣೆ ಇಲ್ಲಿ ಸಲ್ಲದು.