ಎಲೆಯ ತೂತಿನಿಂದ ಹಾಡುವ ಚಿಮ್ಮಂಡೆ

ಪ್ರಶ್ನೆ: ಹೆಣ್ಣು ಚಿಮ್ಮಂಡೆ ಜೋರು ದನಿಯ ಗಂಡನ್ನೇ ಆರಿಸುವುದಾದರೆ, ಸಣ್ಣ ದನಿಯ ಗಂಡುಗಳು ವಂಶ ಮುಂದುವರಿಸುವುದು ಹೇಗೆ?

ಉತ್ತರ: ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ರೋಹಿಣಿ ಬಾಲಕೃಷ್ಣನ್ ಮತ್ತು ಸಹೋದ್ಯೋಗಿಗಳು ಓಯಿಕ್ಯಾಂಥಸ್ ಹೆನ್ರಿಯೈ ಎಂಬ ಮರಚಿಮ್ಮಂಡೆಯನ್ನು ಅಧ್ಯಯನ ಮಾಡಿ 2020ರಲ್ಲಿ ಪ್ರಕಟಿಸಿದ ಸಂಶೋಧನೆ ಇದಕ್ಕೆ ಸೊಗಸಾದ ಉತ್ತರ ಕೊಡುತ್ತದೆ. ಕೆಲವು ಗಂಡುಗಳು ಎಲೆಯಲ್ಲಿ ತೂತು ಕೊರೆದು, ಅದರೊಳಗೆ ತಲೆ ಮತ್ತು ಮುಂಗಾಲುಗಳನ್ನು ತೂರಿಸಿ, ರೆಕ್ಕೆಗಳನ್ನು ಎಲೆಗೆ ಸಮನಾಗಿ ಹರಡಿ ಉಜ್ಜುತ್ತವೆ. ರೆಕ್ಕೆಯ ಎರಡು ಬದಿಗಳಿಂದ ಹೊರಡುವ ಶಬ್ದದ ಅಲೆಗಳು ಅಂಚಿನಲ್ಲಿ ಸೇರಿ ಒಂದನ್ನೊಂದು ಅಳಿಸಿಹಾಕುವುದನ್ನು ಎಲೆ ತಡೆಯುವುದರಿಂದ ದನಿ ಜೋರಾಗುತ್ತದೆ. ಈ ಉಪಾಯಕ್ಕೆ ಹೆಚ್ಚಾಗಿ ಮೊರೆಹೋಗುವವು ಸಣ್ಣ ಮೈಯ, ಮೆಲುದನಿಯ ಗಂಡುಗಳೇ. ಹೀಗೆ ದನಿ ಹೆಚ್ಚಿಸಿಕೊಂಡ ಸಣ್ಣ ಗಂಡಿನೊಡನೆಯೂ ಹೆಣ್ಣು, ದೊಡ್ಡ ಗಂಡಿನೊಡನೆ ಕೂಡುವಷ್ಟೇ ಹೊತ್ತು ಕೂಡುತ್ತದೆ ಎಂಬುದು ನನಗೆ ಇಲ್ಲಿನ ಅತ್ಯಂತ ಮಹತ್ವದ ಅಂಶವೆನಿಸುತ್ತದೆ, ಏಕೆಂದರೆ ವೀರ್ಯ ಎಷ್ಟು ವರ್ಗಾವಣೆಯಾಗುತ್ತದೆ ಎಂಬುದು ಆ ಅವಧಿಯನ್ನೇ ಅವಲಂಬಿಸಿದೆ.