ಶೇಡ್ ಸರಿಯಾಗಲಿಲ್ಲ ಅಂತ ಲಿಪ್‌ಸ್ಟಿಕ್ ಬಿಸಾಡಬೇಡಿ, ಗ್ಯಾಸ್ ಮೇಲೂ ಇಡಬೇಡಿ

ಮದುವೆ ಸೀಸನ್ ಬಂತು, ಲಿಪ್‌ಸ್ಟಿಕ್ ಪ್ರಶ್ನೆಗಳೂ ಬಂದವು. ಈ ಸಲ ಹೆಚ್ಚಿನವರದ್ದು ಒಂದೇ ಗೋಳು: ಅಂಗಡಿಯಲ್ಲಿ ಕಂಡ ಬಣ್ಣ ತುಟಿಯಲ್ಲಿ ಕಾಣುವುದಿಲ್ಲ, ಮನೆಯಲ್ಲೇ ಸರಿ ಮಾಡಿಕೊಳ್ಳುವುದು ಹೇಗೆ? ಉಡುಪಿ, ಮಂಗಳೂರು ಕಡೆ ಮದುಮಗಳ ಮೇಕಪ್ ಮಾಡುವವಳಾಗಿ ನನಗೆ ಗೊತ್ತಿರುವಷ್ಟು ಹೇಳುತ್ತೇನೆ.

ಪ್ರಶ್ನೆ: ಮೇಡಂ, ಅಕ್ಕನ ಮೆಹೆಂದಿಗೆ ಅಂತ ಹಂಪನಕಟ್ಟೆಯ ಒಂದು ಫ್ಯಾನ್ಸಿಯಿಂದ ನ್ಯೂಡ್, ಅಂದರೆ ಮೈಬಣ್ಣಕ್ಕೆ ಹತ್ತಿರದ ತೆಳು ಲಿಪ್‌ಸ್ಟಿಕ್ ತಂದೆ. ಅಲ್ಲಿ ಚಂದ ಕಂಡಿತು. ಮನೆಗೆ ಬಂದು ಹಚ್ಚಿದರೆ ಜ್ವರ ಬಂದು ಎದ್ದವರ ಹಾಗೆ ಕಾಣುತ್ತೇನೆ. ನನ್ನದು ಗೋಧಿ ಬಣ್ಣಕ್ಕಿಂತ ಸ್ವಲ್ಪ ಕಪ್ಪು, ಮೇಲಿನ ತುಟಿ ಇನ್ನೂ ಕಪ್ಪು. ಓಪನ್ ಮಾಡಿದ್ದನ್ನು ವಾಪಸ್ ತಗೊಳ್ಳುವುದಿಲ್ಲವಂತೆ. ಸ್ಪೂನ್‌ನಲ್ಲಿ ಹಾಕಿ ಗ್ಯಾಸ್ ಮೇಲೆ ಕರಗಿಸಿ, ಐಶ್ಯಾಡೋ ಸೇರಿಸಿ ಶೇಡ್ ಬದಲಿಸುವ ವಿಡಿಯೋ ನೋಡಿದೆ. ಮಾಡಬಹುದಾ? ಮನೆಯಲ್ಲಿ ಒಂದು ಮರೂನ್, ಒಂದು ಬ್ರೌನ್ ಉಂಟು.
– ಓದುಗರು, ಸುರತ್ಕಲ್

ಉತ್ತರ: ಗ್ಯಾಸ್ ಹಚ್ಚಬೇಡಿ ಮಾರಾಯ್ರೇ. ನಿಮ್ಮ ಹತ್ತಿರ ಬ್ರೌನ್ ಉಂಟು ಅಂದಿರಲ್ಲ, ಅರ್ಧ ಕೆಲಸ ಅಲ್ಲೇ ಮುಗಿಯಿತು.

ಮೊದಲು ಆ ಲಿಪ್‌ಸ್ಟಿಕ್ ಹಿಡಿದುಕೊಂಡು ಜಗಲಿಗೆ ಬನ್ನಿ. ಬೆಳಿಗ್ಗೆ ಹತ್ತರ ಹೊತ್ತಿನ ಬೆಳಕು ಸಾಕು, ನೇರ ಬಿಸಿಲು ಬೇಡ. ಫ್ಯಾನ್ಸಿ ಅಂಗಡಿಗಳಲ್ಲಿ ತಲೆ ಮೇಲೆ ಸಾಲು ಸಾಲು ಬಿಳಿ ಎಲ್‌ಇಡಿ ಇರುತ್ತದೆ, ಆ ಬೆಳಕಿನಲ್ಲಿ ನೋಡಿ ಆರಿಸಿದ ಬಣ್ಣ ಮನೆಯಲ್ಲಿ ಬೇರೆಯಾಗಿ ಕಂಡರೆ ಆಶ್ಚರ್ಯವಿಲ್ಲ. ಮೊಬೈಲ್‌ನಲ್ಲಿ ಸೆಲ್ಫಿ ತೆಗೆದು ಬಣ್ಣ ತೀರ್ಮಾನ ಮಾಡುವುದೂ ಬೇಡ, ಕ್ಯಾಮೆರಾ ತನಗೆ ಬೇಕಾದ ಹಾಗೆ ಬಣ್ಣ ತಿದ್ದುತ್ತದೆ.

ಆದರೆ ನಿಮ್ಮ ಸಮಸ್ಯೆ ಬರೀ ಬೆಳಕಿನದ್ದಲ್ಲ. ತೆಳು ನ್ಯೂಡ್ ಶೇಡ್‌ಗಳಲ್ಲಿ ಟೈಟಾನಿಯಂ ಡೈಆಕ್ಸೈಡ್ ಎಂಬ ಬಿಳಿ ಪುಡಿ ಜಾಸ್ತಿ ಇರುತ್ತದೆ. ಕಂದು ತುಟಿಯ ಮೇಲೆ ಆ ಬಿಳಿ ಕೂತಾಗ ಗುಲಾಬಿ ಬರುವುದಿಲ್ಲ, ಬೂದು ಬರುತ್ತದೆ. ಇದಕ್ಕೆ ತುಂಬಾ ಜನ ಏನು ಮಾಡುತ್ತಾರೆ ಅಂದರೆ ಕೆಂಪು ಸೇರಿಸುತ್ತಾರೆ. ಬೂದಿನ ಮೇಲೆ ಕೆಂಪು ಬಿದ್ದರೆ ಒಂಥರಾ ಕೊಳಕು ನೇರಳೆಗೆ ತಿರುಗುತ್ತದೆ. ನಿಮಗೆ ಬೇಕಾದದ್ದು ಬ್ರೌನ್, ಆಮೇಲೆ ಚೂರು ಮರೂನ್.

ಮಾಡುವುದು ಹೀಗೆ. ಒಂದು ಸ್ಟೀಲ್ ಮುಚ್ಚಳ ತೊಳೆದು ಒರೆಸಿ, ಸರ್ಜಿಕಲ್ ಸ್ಪಿರಿಟ್ ಹಾಕಿದ ಹತ್ತಿಯಲ್ಲಿ ಇನ್ನೊಮ್ಮೆ ಒರೆಸಿ ಪೂರ್ತಿ ಆರಲು ಬಿಡಿ. ಐಸ್‌ಕ್ರೀಂ ಕಡ್ಡಿಯ ತುದಿಯಲ್ಲಿ ನ್ಯೂಡ್ ಸ್ವಲ್ಪ ಕೆರೆದು ಹಾಕಿ. ಅದಕ್ಕೆ ಬ್ರೌನ್ ಸಾಸಿವೆ ಕಾಳಿನಷ್ಟು ಮಾತ್ರ. ಯಾವಾಗಲೂ ತೆಳು ಬಣ್ಣಕ್ಕೆ ಗಾಢ ಬಣ್ಣ ಸೇರಿಸುತ್ತಾ ಹೋಗಬೇಕು, ಉಲ್ಟಾ ಮಾಡಿದರೆ ತೆಳು ಬಣ್ಣ ಎಷ್ಟು ಸುರಿದರೂ ಸಾಕಾಗುವುದಿಲ್ಲ, ಕೊನೆಗೆ ಎರಡೂ ಲಿಪ್‌ಸ್ಟಿಕ್ ಖಾಲಿ. ಕಡ್ಡಿಯಲ್ಲೇ ಚೆನ್ನಾಗಿ ಅರೆಯಿರಿ, ಗೆರೆ ಗೆರೆ ಕಾಣದ ಹಾಗೆ. ಟೆಸ್ಟ್ ಮಾಡಲು ಎಲ್ಲರೂ ಅಂಗೈಯ ಹಿಂಭಾಗಕ್ಕೆ ಹಚ್ಚುತ್ತಾರೆ. ಬೆರಳ ತುದಿಯ ಒಳಬದಿಗೆ ಹಚ್ಚಿ ನೋಡಿ, ಅಲ್ಲಿನ ಬಣ್ಣ ತುಟಿಗೆ ಹೆಚ್ಚು ಹತ್ತಿರ. ಐದು ನಿಮಿಷ ಬಿಟ್ಟು ಮತ್ತೊಮ್ಮೆ ನೋಡಿ.

ಯಕ್ಷಗಾನದ ಚೌಕಿಗೆ, ಅಂದರೆ ವೇಷ ಹಾಕುವ ಜಾಗಕ್ಕೆ, ಹೋಗಿ ಕೂತವರಿಗೆ ಇದು ಗೊತ್ತಿರುತ್ತದೆ. ಅಲ್ಲಿ ಬಿಳಿ, ಹಳದಿ, ಕೆಂಪು ಪುಡಿಗಳನ್ನು ಎಣ್ಣೆಯಲ್ಲಿ ಕಲಸಿ ಮುಖಕ್ಕೆ ಬೇಕಾದ ಬಣ್ಣ ತರುತ್ತಾರೆ. ತಕ್ಕಡಿ ಇಲ್ಲ, ಅಳತೆಯ ಚಮಚ ಇಲ್ಲ. ಕನ್ನಡಿ ನೋಡುತ್ತಾ ಚೂರು ಚೂರೇ ಸೇರಿಸುವುದು ಅಷ್ಟೇ. ನನಗೆ ಕೇಳಿದರೆ ಲಿಪ್‌ಸ್ಟಿಕ್‌ಗೂ ಅದೇ ಸರಿ, ಇಷ್ಟಕ್ಕೆ ಇಷ್ಟು ಅಂತ ಪಾಕವಿಧಾನ ಕೊಟ್ಟರೆ ನಿಮ್ಮ ತುಟಿಗೆ ಅದು ಹೊಂದಲೇಬೇಕು ಅಂತಿಲ್ಲ.

ಹಾಗಾದರೆ ಯಾವುದಕ್ಕೆ ಯಾವುದು? ತೀರಾ ಪಿಂಕ್ ಆಗಿದ್ದರೆ ಬ್ರೌನ್ ಅಥವಾ ಅಬ್ಬಲಿಗೆ ಹೂವಿನ ಬಣ್ಣದ ಕೋರಲ್ ಸೇರಿಸಿ, ಬಣ್ಣಕ್ಕೆ ಬೆಚ್ಚಗಿನ ಛಾಯೆ ಬರುತ್ತದೆ. ತೀರಾ ಕಿತ್ತಳೆ ಹೊಡೆಯುತ್ತಿದ್ದರೆ ಮರೂನ್ ಅಥವಾ ನೇರಳೆ ಹಣ್ಣಿನ ಛಾಯೆಯದ್ದು. ಕಣ್ಣಿಗೆ ಹೊಡೆಯುವ ಕೆಂಪನ್ನು ತಣ್ಣಗೆ ಮಾಡಲು ಬ್ರೌನ್ ಒಂದು ಚೂರು ಸಾಕು. ಬ್ರೌನ್ ನಿಜವಾಗಿ ಎಲ್ಲ ಬಣ್ಣದ ಸದ್ದನ್ನೂ ಕಮ್ಮಿ ಮಾಡುತ್ತದೆ, ನನ್ನ ಪೆಟ್ಟಿಗೆಯಲ್ಲಿ ಮೊದಲು ಖಾಲಿಯಾಗುವುದು ಅದೇ. ಗಾಢ ಬಣ್ಣವನ್ನು ತೆಳು ಮಾಡಲು ಮಾತ್ರ ಬಿಳಿ ಕಡೆಗೆ ಹೋಗಬೇಡಿ, ಮತ್ತೆ ಅದೇ ಬೂದು. ಬೆರಳಲ್ಲಿ ಸ್ವಲ್ಪವೇ ಒತ್ತಿ ಹಚ್ಚಿ, ಟಿಶ್ಯೂ ಇಟ್ಟು ಒತ್ತಿ ತೆಗೆಯಿರಿ, ಅದೇ ಮರೂನ್ ಬೇರೆಯೇ ಕಾಣುತ್ತದೆ. ಕಪ್ಪು ಕಾಜಲ್ ಸೇರಿಸಿ ಡಾರ್ಕ್ ಮಾಡುವವರಿದ್ದಾರೆ, ಅದು ಬೇಡವೇ ಬೇಡ.

ಇನ್ನು ಮೇಲಿನ ತುಟಿ ಹೆಚ್ಚು ಕಪ್ಪು ಅಂದಿರಿ. ತುಂಬಾ ಜನರದ್ದು ಹಾಗೆಯೇ, ಅದು ರೋಗ ಅಲ್ಲ. ಎರಡು ತುಟಿಗೆ ಒಂದೇ ಲಿಪ್‌ಸ್ಟಿಕ್ ಹಚ್ಚಿದರೆ ಎರಡು ಶೇಡ್ ಕಾಣುವುದು ಇದರಿಂದಲೇ. ಪೀಚ್ ಅಥವಾ ಕಿತ್ತಳೆ ಬಣ್ಣದ ಕರೆಕ್ಟರ್ (ಕಪ್ಪು ಮರೆಮಾಡಲು ಮೊದಲು ಹಚ್ಚುವ ಕ್ರೀಂ) ಅನ್ನು ಮೇಲಿನ ತುಟಿಗೆ ಮಾತ್ರ, ಕಂಡೂ ಕಾಣದಷ್ಟು ತಟ್ಟಿ. ಅದು ಇಲ್ಲದಿದ್ದರೆ ಬ್ರೌನ್ ಲಿಪ್ ಪೆನ್ಸಿಲ್‌ನಲ್ಲಿ ಎರಡೂ ತುಟಿ ಪೂರ್ತಿ ತುಂಬಿ, ನಿಮ್ಮ ನ್ಯೂಡ್ ಅನ್ನು ನಡುವಿಗೆ ಮಾತ್ರ ಒತ್ತಿ. ಅಕ್ಕನ ಮೆಹೆಂದಿಗೆ ನಾನಾದರೆ ಇದನ್ನೇ ಮಾಡುತ್ತಿದ್ದೆ, ಕಲಸುವ ತಾಪತ್ರಯವೂ ಇಲ್ಲ.

ಐಶ್ಯಾಡೋ ವಿಷಯ ಕೆಳಗೆ ಬರುತ್ತದೆ, ಇನ್ನೊಬ್ಬರೂ ಅದೇ ದಾರಿಯಲ್ಲಿದ್ದಾರೆ.

ಪ್ರಶ್ನೆ: ಅಂಗಡಿಯ ಬಣ್ಣ ಬೇಡ ಅಂತ ಬಿಳಿ ಲಿಪ್ ಬಾಮ್‌ಗೆ ಬೀಟ್‌ರೂಟ್ ಪುಡಿ ಹಾಕಿದೆ, ಮರಳು ಮರಳಾಯಿತು. ಪುನರ್ಪುಳಿ ಸಿಪ್ಪೆ ನೆನೆಸಿದ ನೀರು, ಕುಂಕುಮ, ಐಶ್ಯಾಡೋ, ಕೇಕ್‌ಗೆ ಹಾಕುವ ಬಣ್ಣ, ಇದರಲ್ಲಿ ಯಾವುದು ಆದೀತು?
– ಓದುಗರು, ಕುಂದಾಪುರ

ಉತ್ತರ: ಮರಳು ಮರಳಾದದ್ದು ನಿಮ್ಮ ಕೈಗುಣದಿಂದ ಅಲ್ಲ. ಬೀಟ್‌ರೂಟ್‌ನ ಬಣ್ಣ ನೀರಿನಲ್ಲಿ ಕರಗುವಂಥದ್ದು, ಬಾಮ್ ಎಂದರೆ ಮೇಣ ಮತ್ತು ಎಣ್ಣೆ. ಎಣ್ಣೆಯಲ್ಲಿ ಅದು ಕರಗದೆ ಕಾಳಾಗಿ ಕೂರುತ್ತದೆ. ಪುನರ್ಪುಳಿಯ ಕೆಂಪೂ ನೀರಿನದ್ದೇ. ಮೇಲಿಂದ ಅದು ಹುಳಿ, ಒಡೆದ ತುಟಿಗೆ ತಾಗಿದರೆ ಕಣ್ಣಲ್ಲಿ ನೀರು ಬರುತ್ತದೆ. ಶರಬತ್ತು ಮಾಡಿ ಕುಡಿಯಿರಿ, ಅದಕ್ಕಿಂತ ಒಳ್ಳೆಯ ಉಪಯೋಗ ಇಲ್ಲ. ಕೇಕ್‌ನ ಲಿಕ್ವಿಡ್ ಕಲರ್ ಕೂಡ ನೀರಿನಾಧಾರದ್ದಾದರೆ ಹನಿ ಹನಿಯಾಗಿ ಬೇರೆ ನಿಲ್ಲುತ್ತದೆ, ಆಮೇಲೆ ಹಲ್ಲಿಗೆ ಹತ್ತುತ್ತದೆ.

ಕುಂಕುಮ ಖಂಡಿತ ಬೇಡ. ಅರಿಶಿನ, ಸುಣ್ಣ ಸೇರಿಸಿ ಮಾಡಿದ ಅಸಲಿ ಕುಂಕುಮವಾದರೂ ಸುಣ್ಣ ತುಟಿ ಸುಡಬಹುದು. ರಥಬೀದಿಯಲ್ಲಿ ಬಣ್ಣ ಬಣ್ಣದ ರಾಶಿ ನೋಡಿರುತ್ತೀರಲ್ಲ, ಅದರಲ್ಲಿ ಯಾವ ಬಣ್ಣ ಹಾಕಿದ್ದಾರೆ ಅಂತ ಚೀಟಿ ಇರುವುದಿಲ್ಲ. ಹಣೆಗೆ ಇಡುವುದು ಬೇರೆ, ತುಟಿಗೆ ಹಚ್ಚುವುದು ಬೇರೆ. ತುಟಿಗೆ ಹಚ್ಚಿದ್ದು ಊಟದ ಜೊತೆ, ಚಹಾದ ಜೊತೆ ಹೊಟ್ಟೆಗೆ ಹೋಗುತ್ತದೆ. ಹಳೇ ಕಾಲದ ವೇಷದ ಬಣ್ಣಗಳಲ್ಲಿ ಇಂಗಳೀಕ ಎಂಬ ಕೆಂಪು, ಅರದಾಳ ಎಂಬ ಹಳದಿ ಇದ್ದವು. ಒಂದರಲ್ಲಿ ಪಾದರಸ, ಇನ್ನೊಂದರಲ್ಲಿ ಆರ್ಸೆನಿಕ್. ಹಿಂದಿನವರು ಹಚ್ಚಿದ್ದಾರೆ ಅನ್ನುವ ಮಾತು ಇಲ್ಲಿ ನಡೆಯುವುದಿಲ್ಲ.

ಐಶ್ಯಾಡೋಗೂ ಇದೇ ಲೆಕ್ಕ. ಕಂದು, ಇಟ್ಟಿಗೆ ಬಣ್ಣದವುಗಳಲ್ಲಿ ಹೆಚ್ಚಾಗಿ ಇರುವುದು ಐರನ್ ಆಕ್ಸೈಡ್, ಅದು ಲಿಪ್‌ಸ್ಟಿಕ್‌ನಲ್ಲೂ ಇರುತ್ತದೆ. ನೀಲಿ, ಹಸಿರಿನಲ್ಲಿ ಕಥೆ ಬೇರೆ. ಅಲ್ಟ್ರಾಮರೀನ್ ನೀಲಿ ಮತ್ತು ಕ್ರೋಮಿಯಂ ಆಕ್ಸೈಡ್ ಹಸಿರನ್ನು ಅಮೆರಿಕದ ಆಹಾರ ಮತ್ತು ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಕಣ್ಣಿನ ಸುತ್ತ ಬಳಸಲು ಬಿಟ್ಟಿದೆ, ತುಟಿಗೆ ಬಿಟ್ಟಿಲ್ಲ. ಕೆಂಪನ್ನು ತಂಪು ಮಾಡಲು ಚೂರು ನೀಲಿ ಐಶ್ಯಾಡೋ ಹಾಕಿ ಅಂತ ಹೇಳುವ ವಿಡಿಯೋಗಳನ್ನು ಅದಕ್ಕೇ ನಂಬಬೇಡಿ. ಮಿನುಗು ಇರುವ ಐಶ್ಯಾಡೋ ಒಡೆದ ತುಟಿಗೆ ಗೀರುತ್ತದೆ, ಅದೂ ಬೇಡ. ಮಕ್ಕಳ ಕ್ರೇಯಾನ್ ಕರಗಿಸುವುದಂತೂ ಕೇಳುವುದೇ ಬೇಡ.

ನಿಮಗೆ ತೆಳು ಬಣ್ಣದ ಬಾಮ್ ಬೇಕು ಅಲ್ವಾ? ಒಳ್ಳೆಯ ಲಿಪ್‌ಸ್ಟಿಕ್ ಒಂದನ್ನು ಚೂರೇ ಚೂರು ಕೆರೆದು ಪೆಟ್ರೋಲಿಯಂ ಜೆಲ್ಲಿಯಲ್ಲಿ ಅರೆಯಿರಿ. ತೆಂಗಿನೆಣ್ಣೆಯಲ್ಲಿ ಬೇಡ. ಅದು ಸುಮಾರು 24 ಡಿಗ್ರಿಗೇ ಕರಗುತ್ತದೆ, ನಮ್ಮ ಕಡೆಯ ಸೆಕೆಯಲ್ಲಿ ಬಾಟ್ಲಿಯಲ್ಲೇ ನೀರಾಗಿರುತ್ತದೆ. ತುಟಿಯ ಗೆರೆ ದಾಟಿ ಬಣ್ಣ ಇಳಿಯುವುದು ಗ್ಯಾರಂಟಿ.

ಪ್ರಶ್ನೆ: ಲಿಕ್ವಿಡ್ ಮ್ಯಾಟ್ ತುಂಬಾ ಡಾರ್ಕ್ ಆಯಿತು ಅಂತ ಬಾಮ್ ಕಲಸಿ ಹಚ್ಚಿದೆ. ಕ್ಲಾಸ್ ಮುಗಿಯುವುದರೊಳಗೆ ಪುಡಿ ಪುಡಿಯಾಗಿ ಉದುರಿತು. ಯಾಕೆ?
– ವಿದ್ಯಾರ್ಥಿನಿ, ಮಣಿಪಾಲ

ಉತ್ತರ: ಕಡ್ಡಿ ಲಿಪ್‌ಸ್ಟಿಕ್ ಬೇರೆ, ಹೊಳಪಿಲ್ಲದ ಈ ದ್ರವ ಲಿಪ್‌ಸ್ಟಿಕ್ ಬೇರೆ ಜಾತಿ. ಲಿಕ್ವಿಡ್ ಮ್ಯಾಟ್‌ನಲ್ಲಿ ಸಾಮಾನ್ಯವಾಗಿ ಐಸೋಡೋಡಿಕೇನ್ ಎಂಬ ಬೇಗ ಆರಿಹೋಗುವ ದ್ರವ ಇರುತ್ತದೆ. ಅದು ಆರಿದಾಗ ಬಣ್ಣ ಒಂದು ಪೊರೆಯಾಗಿ ತುಟಿಗೆ ಅಂಟುತ್ತದೆ. ಬಾಮ್‌ನ ಎಣ್ಣೆ ಸೇರಿದರೆ ಆ ಪೊರೆ ಸರಿಯಾಗಿ ಕಟ್ಟುವುದೇ ಇಲ್ಲ. ಮೀನು ಸಾರು, ತುಪ್ಪದ ಊಟ ಮಾಡಿದರೆ ಮ್ಯಾಟ್ ಹೋಗುವುದೂ ಇದೇ ಕಾರಣಕ್ಕೆ.

ಲಿಕ್ವಿಡ್ ಮ್ಯಾಟ್‌ಗೆ ಲಿಕ್ವಿಡ್ ಮ್ಯಾಟೇ ಸೇರಿಸಿ, ಸಾಧ್ಯವಾದರೆ ಅದೇ ಕಂಪನಿಯದ್ದು. ಒಂದು ಸಲಕ್ಕೆ ಬೇಕಾದಷ್ಟು ಮಾತ್ರ, ಬೇಗ ಬೇಗ, ಯಾಕಂದರೆ ಮುಚ್ಚಳದ ಮೇಲೇ ಆರಿಹೋಗುತ್ತದೆ. ಒಂದರ ಬ್ರಷ್ ಅನ್ನು ಇನ್ನೊಂದರ ಬಾಟಲಿಗೆ ಅದ್ದಬೇಡಿ. ಬೇರೆ ಶೇಡ್ ಇಲ್ಲವೇ? ತೆಳುವಾಗಿ ಒಂದೇ ಪದರ ಹಚ್ಚಿ, ಪೂರ್ತಿ ಆರಿದ ಮೇಲೆ ತೆಳು ಬಣ್ಣದ ಹೊಳಪಿನ ಲಿಪ್ ಗ್ಲಾಸ್ ನಡುವಿಗೆ ಮಾತ್ರ ತಟ್ಟಿ. ಬಾಳಿಕೆ ಸ್ವಲ್ಪ ಕಮ್ಮಿಯಾಗುತ್ತದೆ, ಆದರೆ ಉದುರುವುದಿಲ್ಲ.

ಪ್ರಶ್ನೆ: ಸ್ಕೂಟರ್ ಡಿಕ್ಕಿಯಲ್ಲಿಟ್ಟ ಎರಡು ಲಿಪ್‌ಸ್ಟಿಕ್ ಮೆತ್ತಗಾಗಿ ಮುರಿದವು. ಎರಡನ್ನೂ ಕರಗಿಸಿ ಒಂದು ಹೊಸ ಶೇಡ್ ಮಾಡುವ ಅಂತ. ನೀವು ಕರಗಿಸಬೇಡಿ ಅನ್ನುತ್ತೀರಂತೆ?
– ಓದುಗರು, ಉಡುಪಿ

ಉತ್ತರ: ಮುರಿದದ್ದಕ್ಕೆ ಅಡ್ಡಿ ಇಲ್ಲ, ಕರಗಿಸುವ ರೀತಿಯಲ್ಲಿ ಇರುವುದು ವಿಷಯ. ಲಿಪ್‌ಸ್ಟಿಕ್ ಗಟ್ಟಿಯಾಗಿ ನಿಲ್ಲುವುದು ಮೇಣದಿಂದ. ಜೇನುಮೇಣ ಸುಮಾರು 62ರಿಂದ 64 ಡಿಗ್ರಿಗೆ ಕರಗುತ್ತದೆ, ತಾಳೆ ಜಾತಿಯ ಮರದ ಎಲೆಯಿಂದ ತೆಗೆಯುವ ಕಾರ್ನೌಬಾ ಮೇಣಕ್ಕೆ 80 ದಾಟಬೇಕು. ಕುದಿಯುವ ನೀರು 100 ಡಿಗ್ರಿ, ಅದರ ಬಿಸಿ ಧಾರಾಳ ಸಾಕು. ಉರಿಯ ಮೇಲಿಟ್ಟ ಸ್ಪೂನ್ ಇದಕ್ಕಿಂತ ಎಷ್ಟೋ ಹೆಚ್ಚು ಕಾಯುತ್ತದೆ, ಪರಿಮಳ ಹೋಗಿ ಸುಟ್ಟ ಎಣ್ಣೆಯ ವಾಸನೆ ಬರುತ್ತದೆ.

ಒಂದು ಪಾತ್ರೆಯಲ್ಲಿ ನೀರು ಕುದಿಸಿ ಗ್ಯಾಸ್ ಆಫ್ ಮಾಡಿ. ಅದರ ಮೇಲೆ ಸಣ್ಣ ಸ್ಟೀಲ್ ಬಟ್ಟಲು ಇಟ್ಟು ತುಂಡುಗಳನ್ನು ಹಾಕಿ. ಒಂದು ಹನಿ ನೀರೂ ಒಳಗೆ ಬೀಳಬಾರದು. ಬಿಡದೆ ತಿರುಗಿಸಿ, ಇಲ್ಲವಾದರೆ ಬಣ್ಣದ ಪುಡಿ ಅಡಿಗೆ ಇಳಿದು ಮೇಲೆ ತೆಳು, ಕೆಳಗೆ ಗಾಢ ಆಗುತ್ತದೆ. ಕರಗಿದಾಗ ಕಾಣುವ ಬಣ್ಣವೇ ಕೊನೆಯ ಬಣ್ಣ ಅಂದುಕೊಳ್ಳಬೇಡಿ, ಒಂದು ಹನಿ ತಟ್ಟೆಗೆ ಹಾಕಿ ಗಟ್ಟಿಯಾದ ಮೇಲೆ ಬೆರಳಿಗೆ ಹಚ್ಚಿ ನೋಡಿ. ಸರಿ ಕಂಡರೆ ಸಣ್ಣ ಡಬ್ಬಿಗೆ ಸುರಿಯಿರಿ. ಅಚ್ಚು ಇಲ್ಲದೆ ಹಳೇ ಕೊಳವೆಗೆ ಸುರಿದು ಕಡ್ಡಿ ಮಾಡಲು ಹೋಗಬೇಡಿ, ಮತ್ತೆ ಮುರಿಯುತ್ತದೆ. ಡಬ್ಬಿಯನ್ನು ಸ್ಪಿರಿಟ್‌ನಲ್ಲಿ ಒರೆಸುವುದಾದರೆ ಗ್ಯಾಸ್ ಹತ್ತಿರ ಬೇಡ, ಸ್ಪಿರಿಟ್ ಬೆಂಕಿ ಹಿಡಿಯುತ್ತದೆ.

ಎರಡರಲ್ಲಿ ಯಾವುದರ ಎಕ್ಸ್‌ಪೈರಿ ಮೊದಲು ಬರುತ್ತದೋ ಅದನ್ನೇ ಡಬ್ಬಿಯ ಮೇಲೆ ಬರೆಯಿರಿ. ಮೇಲ್ಮೈಯಲ್ಲಿ ಬೆವರಿನಂತೆ ಎಣ್ಣೆ ಹನಿ ಕಂಡರೆ ಹೆದರಬೇಡಿ, ಏಪ್ರಿಲ್, ಮೇಯಲ್ಲಿ ಇಲ್ಲಿ ಇದು ಮಾಮೂಲು. ಟಿಶ್ಯೂನಲ್ಲಿ ಒರೆಸಿದರಾಯಿತು. ಹಳೇ ಎಣ್ಣೆಯ ಕಮಟು ವಾಸನೆ ಬಂದರೆ ಮಾತ್ರ ಬಿಸಾಡಿ. ಮತ್ತೆ, ಆ ಎರಡರಲ್ಲಿ ಒಂದು ತಂಗಿಯದ್ದೋ ಗೆಳತಿಯದ್ದೋ ಆಗಿದ್ದರೆ ಬೇಡ. ತುಟಿಯ ಮೇಲಿನ ಹರ್ಪಿಸ್ ಗುಳ್ಳೆ ಒಬ್ಬರಿಂದ ಒಬ್ಬರಿಗೆ ಹೀಗೂ ಬರಬಹುದು.

ಪ್ರಶ್ನೆ: ಹಸಿರು ಕಡ್ಡಿ, ಹಚ್ಚಿದರೆ ಪಿಂಕ್ ಆಗುತ್ತದೆ. ಒಬ್ಬೊಬ್ಬರಿಗೆ ಒಂದೊಂದು ಬಣ್ಣ ಅಂದರು, ನಮ್ಮ ಮನೆಯಲ್ಲಿ ಎಲ್ಲರಿಗೂ ಒಂದೇ ರಾಣಿ ಪಿಂಕ್. ತೆಳು ಮಾಡುವುದು ಹೇಗೆ?
– ಓದುಗರು, ಕುಲಶೇಖರ

ಉತ್ತರ: ಹಸಿರು ಬರೀ ಹೊರಗಿನ ವೇಷ. ಒಳಗಿರುವ ಬಣ್ಣ ತುಟಿಯ ತೇವ ತಾಗಿದಾಗ ಪಿಂಕ್ ಆಗಿ ಚರ್ಮಕ್ಕೇ ಹಿಡಿಯುತ್ತದೆ. ಎಲ್ಲರಿಗೂ ಹೆಚ್ಚುಕಮ್ಮಿ ಅದೇ ಪಿಂಕ್, ತುಟಿಯ ಸ್ವಂತ ಬಣ್ಣದಿಂದ ಸ್ವಲ್ಪ ವ್ಯತ್ಯಾಸ ಅಷ್ಟೇ. ಹಿಡಿದ ಮೇಲೆ ತೆಳು ಮಾಡಲು ಆಗುವುದಿಲ್ಲ, ಮೇಲೆ ಬ್ರೌನ್ ಹಚ್ಚಿ ಮುಚ್ಚಬಹುದು. ಮುಂದಿನ ಸಲ ಮೊದಲೇ ಬಾಮ್ ಹಚ್ಚಿ, ಅದರ ಮೇಲೆ ಒಂದೇ ಎಳೆ ಎಳೆಯಿರಿ.

ಪ್ರಶ್ನೆ: ನಾವು ಜೈನರು. ಕೆಂಪು ಬಣ್ಣಕ್ಕೆ ಹುಳ ಹಾಕುತ್ತಾರಂತೆ, ಹೌದಾ? ಎರಡು ಲಿಪ್‌ಸ್ಟಿಕ್ ಕಲಸುವಾಗ ಹೇಗೆ ತಿಳಿಯುವುದು?
– ಓದುಗರು, ಮೂಡುಬಿದಿರೆ

ಉತ್ತರ: ಎಲ್ಲದರಲ್ಲೂ ಅಲ್ಲ, ಕೆಲವದರಲ್ಲಿ ಹೌದು. ಕಾರ್ಮೈನ್ ಎಂಬ ಕೆಂಪನ್ನು ಕೊಚಿನೀಲ್ ಕೀಟದಿಂದ ತೆಗೆಯುತ್ತಾರೆ. ಪೆಟ್ಟಿಗೆಯ ಮೇಲೆ ಕಾರ್ಮೈನ್ ಅಂತಲೋ ಸಿಐ 75470 (ಅದರ ಬಣ್ಣದ ಸಂಖ್ಯೆ) ಅಂತಲೋ ಬರೆದಿದ್ದರೆ ಅದೇ. 77491, 77492, 77499 ಅಂತ ಇದ್ದರೆ ಅವು ಐರನ್ ಆಕ್ಸೈಡ್, ಕೀಟಕ್ಕೆ ಸಂಬಂಧ ಇಲ್ಲ. ಜೇನುಮೇಣವೂ ಬೇಡ ಅನ್ನುವವರಾದರೆ ಬೀಸ್‌ವ್ಯಾಕ್ಸ್ ಎಂಬ ಹೆಸರನ್ನೂ ಹುಡುಕಿ. ಈ ಪಟ್ಟಿ ಸಾಮಾನ್ಯವಾಗಿ ಹೊರಗಿನ ರಟ್ಟಿನ ಪೆಟ್ಟಿಗೆಯಲ್ಲಿ ಮಾತ್ರ ಇರುತ್ತದೆ, ಕಡ್ಡಿಯ ಮೇಲೆ ಜಾಗ ಇರುವುದಿಲ್ಲ. ಪೆಟ್ಟಿಗೆ ಬಿಸಾಡುವ ಮೊದಲು ಮೊಬೈಲ್‌ನಲ್ಲಿ ಒಂದು ಫೋಟೋ ತೆಗೆದಿಡಿ.