ಸಾಕಮ್ಮನ ಗುಡಿ ಎಲ್ಲಿದೆ?

ಮಂಡ್ಯದ ಓದುಗರೊಬ್ಬರ ಪತ್ರ: ‘ಹೋದ ಸಂಚಿಕೆಯ ಕತೆಯಲ್ಲಿ ಬರುವ, ನೆಮ್ಮದಿಯ ಕೊನೆ ಕೊಡುವ ಸಾಕಮ್ಮನ ಗುಡಿ ಯಾವ ಊರಲ್ಲಿದೆ? ನನ್ನ ತಾಯಿಗೆ 86 ವರ್ಷ. ಐದು ತಿಂಗಳಿಂದ ಹಾಸಿಗೆ ಹಿಡಿದಿದ್ದಾರೆ. “ಸಾಕಪ್ಪ” ಅನ್ನೋದು ಬಿಟ್ಟರೆ ಜಾಸ್ತಿ ಮಾತಿಲ್ಲ. ಮೊಸರನ್ನದ ಜೊತೆ ಉಪ್ಪಿನಕಾಯಿ ಕೇಳ್ತಾರೆ, ಡಾಕ್ಟರು ಕೊಡಬೇಡಿ ಅಂದಿದ್ದಾರೆ. ಒಂದು ಹರಕೆ ಕಟ್ಟಿಕೊಂಡು ಬರೋಣ ಅಂತಿದ್ದೇನೆ. ಅಂಥ ದೇವರೇ ಇಲ್ಲ ಅನ್ನೋದಾದರೆ, ಇಲ್ಲದ ದೇವರನ್ನು ಹುಟ್ಟಿಸಿ ನಮ್ಮಂಥವರಿಗೆ ಆಸೆ ತೋರಿಸೋದು ತಪ್ಪಲ್ವಾ?’

ಸಂಪಾದಕರ ಉತ್ತರ:

ಮೊದಲ ಪ್ರಶ್ನೆಗೆ ಉತ್ತರ ಚಿಕ್ಕದು. ಗುಡಿ ಇಲ್ಲ. ನಾಲೆ ಏರಿಯ ಹೊಂಗೆ ಮರ, ಅದರ ಕೆಳಗಿನ ಚಪ್ಪಡಿ ಕಲ್ಲು, ಸಂಜೆ ಹೊತ್ತು ಬಂದು ಎಲೆ ಹಾಸಿ ಮೊಸರನ್ನ ಇಟ್ಟು ಹೋಗುವ ಹೆಂಗಸರು, ಎಲ್ಲವೂ ಕತೆಗಾರರ ತಲೆಯಿಂದ ಬಂದದ್ದು. ‘ಕತೆ’ ಅಂತ ಮೇಲೆ ಅಚ್ಚು ಹಾಕಿದ್ದೆವು. ಅಕ್ಷರ ಸಣ್ಣದಾಯಿತೇನೋ. ನಿಮಗೆ ಬೇಸರವಾಗಿದ್ದರೆ ಕ್ಷಮಿಸಿ.

ಎರಡನೆಯ ಮಾತನ್ನು ಮಾತ್ರ ನಾನು ಒಪ್ಪುವುದಿಲ್ಲ. ದೇವರನ್ನು ಹುಟ್ಟಿಸೋದು ನಮ್ಮ ಕಡೆ ಹೊಸದೇನಲ್ಲ. 1898ರಲ್ಲಿ ಪ್ಲೇಗು ಬೆಂಗಳೂರಿಗೆ ಕಾಲಿಟ್ಟು ಮೈಸೂರು ಸೀಮೆಗೆ ಹಬ್ಬಿದಾಗ ಜನ ಪ್ಲೇಗಮ್ಮನನ್ನು ಮಾಡಿಕೊಂಡರು. ಅದಕ್ಕೂ ಮೊದಲು ಆ ಅಮ್ಮ ಎಲ್ಲಿದ್ದಳು? ಅದೇ ಪ್ಲೇಗಿನ ದೆಸೆಯಿಂದ 1903ರಲ್ಲಿ ಮೈಸೂರಿನಲ್ಲಿ ಸಿಟಿ ಇಂಪ್ರೂವ್‌ಮೆಂಟ್ ಟ್ರಸ್ಟ್ ಬೋರ್ಡ್ ಹುಟ್ಟಿತು. ಒಂದೇ ರೋಗಕ್ಕೆ ಜನ ಒಬ್ಬ ಅಮ್ಮನನ್ನು ಮಾಡಿದರು, ಸರ್ಕಾರ ಒಂದು ಬೋರ್ಡು ಮಾಡಿತು. ಬೋರ್ಡಿನ ಹೆಸರು ಆಮೇಲೆ ಬದಲಾಗಿ ಮುಡಾ, ಅಂದರೆ ಮೈಸೂರು ನಗರಾಭಿವೃದ್ಧಿ ಪ್ರಾಧಿಕಾರ, ಆಯಿತು. ಅಮ್ಮ ಅದೇ ಹೆಸರಲ್ಲಿ ಇವತ್ತಿಗೂ ಪೂಜೆ ತಗೊಳ್ತಿದ್ದಾಳೆ.

ನನಗೆ ಆಶ್ಚರ್ಯ ಬೇರೆ. ಇಷ್ಟೆಲ್ಲ ದೇವರನ್ನು ಮಾಡಿಕೊಂಡ ನಾವು ನೆಮ್ಮದಿಯ ಸಾವಿಗೆ ಅಂತಲೇ ಯಾಕೆ ಒಬ್ಬಳನ್ನು ಮಾಡಿಕೊಳ್ಳಲಿಲ್ಲ? ‘ಅನಾಯಾಸೇನ ಮರಣಂ’ ಅಂತ ಬೇಡುತ್ತೇವೆ ನಿಜ. ಆದರೆ ಶಿವನ ಹತ್ತಿರವೋ ಕೃಷ್ಣನ ಹತ್ತಿರವೋ, ಅವರ ನೂರು ಕೆಲಸದ ನಡುವೆ. ಕಲ್ಲು ನೆಟ್ಟು ಪೂಜಿಸಿದ್ದೆಲ್ಲ ಹೊಡೆದಾಡಿ ಸತ್ತವರನ್ನು. ನಿಮ್ಮ ಜಿಲ್ಲೆಯ ಆತಕೂರನ್ನೇ ನೋಡಿ. ಮದ್ದೂರು ತಾಲ್ಲೂಕು. ಸುಮಾರು ಕ್ರಿ.ಶ. 950ರಲ್ಲಿ ಮಣಲೇರ ಅನ್ನುವವನ ‘ಕಾಳಿ’ ಅನ್ನುವ ನಾಯಿ ಹಂದಿಯ ಮೇಲೆ ಬಿದ್ದು ಕಾದಾಡಿತು. ಎರಡೂ ಸತ್ತವು. ನಾಯಿಗೆ ಕಲ್ಲು ನಿಲ್ಲಿಸಿ ಭೂಮಿ ಬಿಟ್ಟರು. ಆ ಕಲ್ಲಿಗೆ ಪೂಜೆ ಮಾಡದೆ ಉಂಡ ಗೊರವನಿಗೆ, ಅಂದರೆ ಶೈವ ಪೂಜಾರಿಗೆ, ನಾಯಿಯ ಪಾಪ ತಟ್ಟಲಿ ಅಂತಲೂ ಬರೆಸಿದರು. ಕಲ್ಲು ಈಗ ಬೆಂಗಳೂರಿನ ಮ್ಯೂಸಿಯಮ್ಮಿನಲ್ಲಿದೆ. ಜೈನರ ನಿಸಿದಿಗಲ್ಲುಗಳಿವೆ, ಆದರೆ ಅವು ವ್ರತ ಹಿಡಿದು ದೇಹ ಬಿಟ್ಟವರವು. ರಾತ್ರಿ ಮುದ್ದೆ ಉಂಡು ಮಲಗಿ ಬೆಳಿಗ್ಗೆ ಏಳದೇ ಇದ್ದ ನಮ್ಮ ಅಜ್ಜಂದಿರಿಗೆ ಯಾರೂ ಕಲ್ಲು ನೆಡಲಿಲ್ಲ.

ಕೊನೆ ಅನ್ನೋದನ್ನು ಬಾಯಲ್ಲಿ ಆಡೋಕೇ ನಮಗೆ ಆಗೋದಿಲ್ಲ, ಅಲ್ವಾ? ದೀಪ ಆರಿಸು ಅನ್ನೋದಿಲ್ಲ, ದೊಡ್ಡದು ಮಾಡು ಅಂತೇವೆ. ಬಳೆ ಒಡೆಯಿತು ಅನ್ನೋದಿಲ್ಲ, ಹೆಚ್ಚಿತು ಅಂತೇವೆ. ಡಬ್ಬದಲ್ಲಿ ಅಕ್ಕಿ ತಳ ಕಂಡಿರುತ್ತದೆ, ನಮ್ಮಜ್ಜಿ ‘ಅಕ್ಕಿ ತುಂಬಿದೆ, ಅಂಗಡಿಗೆ ಹೋಗಿ ಬಾ’ ಅಂತಿದ್ದಳು. ಚಿಕ್ಕವನಿದ್ದಾಗ ನನಗೆ ತಲೆಬುಡ ತಿಳಿಯುತ್ತಿರಲಿಲ್ಲ. ಹೊರಟವರು ಹೋಗ್ತೀನಿ ಅನ್ನಬಾರದು, ಬರ್ತೀನಿ ಅನ್ನಬೇಕು. ಗೌರಿಯನ್ನು ನೀರಿಗೆ ಬಿಡುವಾಗಲೂ ಮಡಿಲು ತುಂಬಿ, ಮತ್ತೆ ಬಾ ಅಂತ ಹೇಳಿಯೇ ಬಿಡುತ್ತೇವೆ.

ಇಷ್ಟೊಂದು ಮರೆಮಾಚುವ ಭಾಷೆಯಲ್ಲಿ ಕೊನೆಯನ್ನು ನೆಟ್ಟಗೆ ಹೇಳುವ ಮಾತು ಒಂದಿದೆ. ಸಾಕು. ಕತೆಗಾರರು ಅದನ್ನೇ ಹಿಡಿದಿದ್ದಾರೆ. ಸಾಕಮ್ಮ ಮೊದಲಿಂದ ಇರುವ ಹೆಸರೇ. ಸಾಲಾಗಿ ಹೆಣ್ಣು ಹುಟ್ಟಿದಾಗ ‘ಇನ್ನು ಸಾಕು’ ಅಂತ ಇಡುತ್ತಿದ್ದ ಹೆಸರು, ಪಾಪ. ಕತೆಯಲ್ಲಿ ಅದೇ ಹೆಸರಿಗೆ ಅರಿಶಿನ ಕುಂಕುಮ. ಅವಳಿಗೆ ಮಂತ್ರವಿಲ್ಲ, ಆರತಿಯಿಲ್ಲ. ಎಲೆಗೆ ಮೊಸರನ್ನ ಬಡಿಸಿ, ಅದರ ಮೇಲೆ ಅಂಗೈ ಅಡ್ಡ ಹಿಡಿಯಬೇಕು. ಊಟಕ್ಕೆ ಕೂತವರು ಸಾಕು ಅಂತ ಹಿಡಿಯುತ್ತಾರಲ್ಲ, ಹಾಗೆ. ಅಷ್ಟೇ ಪೂಜೆ.

ಆ ಸಾಲು ಓದಿದಾಗ ಪ್ರೂಫ್ ಹಾಳೆ ಪಕ್ಕಕ್ಕಿಟ್ಟೆ. ನಮ್ಮಪ್ಪ ಕೊನೆಯ ವಾರ ಮೈಸೂರಿನ ಒಂದು ಆಸ್ಪತ್ರೆಯಲ್ಲಿದ್ದರು. ಮೂಗಿಗೆ ನಳಿಕೆ. ಮಾತು ನಿಂತಿತ್ತು. ನಾನು ಹತ್ತಿ ಅದ್ದಿ ತುಟಿ ಒದ್ದೆ ಮಾಡುತ್ತಿದ್ದೆ. ಅವರು ಬಲಗೈ ಎತ್ತಿ ಅಂಗೈಯನ್ನು ಬಾಯಿಗೂ ನನಗೂ ನಡುವೆ ಅಡ್ಡ ಇಟ್ಟರು. ಬೆರಳು ನಡುಗುತ್ತಿತ್ತು. ಮದುವೆ ಮನೆಯಲ್ಲಿ ಬಡಿಸುವವನು ಮಾಡೋದನ್ನೇ ನಾನೂ ಮಾಡಿದೆ. ಕೈ ಸರಿಸಿ ಇನ್ನೊಂದು ಸಲ ಅದ್ದಿದೆ. ಬಲವಂತ ಮಾಡೋದೇ ಪ್ರೀತಿ ಅಂತ ಕಲಿತವರು ನಾವು.

ಹರಕೆ ವಿಷಯ. ಕತೆಯಲ್ಲಿ ಗೌಡರೊಬ್ಬರು ಕೋಳಿ ಹಿಡಿದುಕೊಂಡು ಬಂದಾಗ ಅಲ್ಲಿದ್ದ ಮುದುಕಿಯೊಬ್ಬಳು ವಾಪಸ್ ಕಳಿಸುತ್ತಾಳೆ. ‘ಇವಳ ಹತ್ರ ಚೌಕಾಸಿ ನಡೆಯಲ್ಲ’ ಅಂತಾಳೆ. ಇಡೀ ಕತೆಯಲ್ಲಿ ನನಗೆ ಹಿಡಿಸಿದ್ದು ಇದು. ಬೇಗ ಕರ್ಕೋ ಅಂತಲೂ ಕೇಳುವ ಹಾಗಿಲ್ಲ, ಉಳಿಸಿಕೊಡು ಅಂತಲೂ ಕೇಳುವ ಹಾಗಿಲ್ಲ. ಆದ್ದರಿಂದ ಗುಡಿ ಇದ್ದಿದ್ದರೂ ನಿಮ್ಮ ಹರಕೆ ಅಲ್ಲಿ ನಡೆಯುತ್ತಿರಲಿಲ್ಲ.

ನಿಮ್ಮ ತಾಯಿ ಸಾಕಪ್ಪ ಅಂತಾರೆ ಅಂದಿರಿ. ಏನು ಸಾಕು ಅಂತ ಕೇಳಿದ್ದೀರಾ? ಇಂಜೆಕ್ಷನ್ ಸಾಕಾ? ಗಂಜಿ ಸಾಕಾ? ಬಂದು ಹೋಗುವ ನೆಂಟರು ಸಾಕಾ? ಇಲ್ಲಾ ನೀವು ಕೆಲಸ ಬಿಟ್ಟು ಪಕ್ಕದಲ್ಲಿ ಕೂತಿರೋದೇ ಸಾಕಾ? ಜೀವವೇ ಸಾಕು ಅಂತ ನಾವಾಗೇ ಅರ್ಥ ಮಾಡಿಕೊಳ್ಳೋದು ಬೇಡ. ನೋವು ತಗ್ಗಿಸುವುದನ್ನೇ ಮುಖ್ಯ ಮಾಡಿಕೊಂಡ ವೈದ್ಯ ಇದೆ, ಪ್ಯಾಲಿಯೇಟಿವ್ ಕೇರ್ ಅಂತ. ಅದನ್ನು ನಿಮ್ಮ ಡಾಕ್ಟರ ಹತ್ತಿರ ಹೆಸರು ಹಿಡಿದೇ ಕೇಳಿ. ಕಾನೂನು ಕೂಡ ಈ ‘ಸಾಕು’ ಅನ್ನು ಕೇಳಿಸಿಕೊಂಡಿದೆ. ವಾಸಿಯಾಗದ ಹಂತ ತಲುಪಿದರೆ ಯಾವ ಚಿಕಿತ್ಸೆ ಬೇಡ ಅಂತ ಬುದ್ಧಿ ನೆಟ್ಟಗಿರುವಾಗಲೇ ಬರೆದಿಡಬಹುದು ಎಂದು 2018ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. 2023ರಲ್ಲಿ ಅದನ್ನು ಸಲೀಸು ಮಾಡಿತು. ಇಬ್ಬರು ಸಾಕ್ಷಿ, ಒಬ್ಬ ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ಸಹಿ ಇದ್ದರೆ ಆಯಿತು. ಇದನ್ನು ಜಾರಿಗೆ ತರಲು ನಮ್ಮ ರಾಜ್ಯ 2025ರ ಜನವರಿಯಲ್ಲಿ ಆದೇಶವನ್ನೂ ಹೊರಡಿಸಿದೆ. ನಾನು ನನ್ನದನ್ನು ಬರೆದಿಟ್ಟಿದ್ದೇನೆ. ಮಗಳು ಎರಡು ದಿನ ಮಾತು ಬಿಟ್ಟಳು, ಅದು ಬೇರೆ ಮಾತು.

ಇನ್ನು ಉಪ್ಪಿನಕಾಯಿ. ಐದು ತಿಂಗಳ ಹಿಂದೆ ಹೇಳಿದ ಪಥ್ಯವಾದರೆ ಡಾಕ್ಟರನ್ನು ಇನ್ನೊಂದು ಸಲ ಕೇಳಿ ನೋಡಿ. ಹೋಳು ಬೇಡ, ಬೆರಳ ತುದಿಯಲ್ಲಿ ಒಂದಿಷ್ಟು ರಸ ನಾಲಿಗೆಗೆ ಸವರಬಹುದಾ ಅಂತ. ನಿಂಬೆಯದಾ, ಮಾವಿನದಾ, ನೀವು ಬರೆದಿಲ್ಲ.